ಕಲಾಮಹರ್ಷಿ ಬಾಬೂರಾವ್ ಪೇಂಟರ್ (1890–1954)

ಮಧ್ಯಯುಗದ ಐತಿಹ್ಯಗಳಿಗೆ ಮೂಕಿ ಚಿತ್ರಗಳಲ್ಲಿ ರೂಪ ನೀಡಿದ ಭಾರತೀಯ ನಿರ್ದೇಶಕರಲ್ಲಿ ಕೊಲ್ಹಾಪುರದ ಬಾಬೂರಾವ್ ಪೇಂಟರ್ ಅಗ್ರಗಣ್ಯರು. ಇವರ ಮೂಲ ಹೆಸರು ಬಾಬೂರಾವ್ ಕೃಷ್ಣರಾವ್ ಮೇಸ್ತ್ರಿ. 1890ರ ಜೂನ್ 3ರಂದು ಜನಿಸಿದ ಇವರು ಚಿತ್ರಕಲೆ ಹಾಗೂ ಶಿಲ್ಪಕಲೆಗಳನ್ನು ಸ್ವಪ್ರಯತ್ನದಿಂದ ಕಲಿತರು. ಸೋದರಸಂಬಂಧಿ ಆನಂದರಾವ್ ಅವರೊಡನೆ ನಾಟಕ ಮಂಡಳಿಗಳಿಗೆ ಪರದೆಗಳನ್ನು ಬರೆದುಕೊಡುತ್ತಿದ್ದರು. ಹೀಗಾಗಿ ಪೇಂಟರ್ ಎಂಬ ಹೆಸರೇ ಸ್ಥಿರವಾಯಿತು.

ದಾದಾಸಾಹೇಬ್ ಫಾಲ್ಕೆಯವರ 'ರಾಜಾ ಹರಿಶ್ಚಂದ್ರ' (1913) ತೆರೆಕಂಡ ಬಳಿಕ ಈ ಇಬ್ಬರೂ ಚಲನಚಿತ್ರ ಕ್ಯಾಮೆರಾವನ್ನು ತಾವೇ ನಿರ್ಮಿಸಲು ತೊಡಗಿದರು. 1916ರಲ್ಲಿ ಆನಂದರಾವ್ ಅಕಾಲಿಕ ಮರಣ ಹೊಂದಿದರೂ ಬಾಬೂರಾವ್ ಧೃತಿಗೆಡಲಿಲ್ಲ. ಶಿಷ್ಯ ವಿ. ಜಿ. ದಾಮ್ಲೆಯವರ ನೆರವಿನಿಂದ 1918ರಲ್ಲಿ ಕ್ಯಾಮೆರಾವನ್ನು ಪೂರ್ಣಗೊಳಿಸಿದರು. ಗಾಯಕಿ ತಾನಿಬಾಯಿ ಕಾಗಲ್‌ಕರ್ ಅವರ ಧನಸಹಾಯದಿಂದ ಮಹಾರಾಷ್ಟ್ರ ಫಿಲ್ಮ್ ಕಂಪನಿ ರೂಪುಗೊಂಡಿತು. ಅದರ 'ಸೈರಂಧ್ರಿ' (1920) ಚಿತ್ರದಲ್ಲಿ ಸ್ತ್ರೀಪಾತ್ರಗಳನ್ನು ಸ್ತ್ರೀಯರೇ ನಿರ್ವಹಿಸಿದರು. ಪುರುಷರೇ ಸ್ತ್ರೀವೇಷ ಧರಿಸುತ್ತಿದ್ದ ಆ ಕಾಲದಲ್ಲಿ ಇದು ದಿಟ್ಟ ಹೆಜ್ಜೆಯಾಗಿತ್ತು.

1670ರಲ್ಲಿ ತಾನಾಜಿ ಮಾಲುಸರೆ ಪ್ರಾಣತೆತ್ತು ಕೋಟೆ ಗೆದ್ದ ಕಥನವನ್ನು ಇವರು 'ಸಿಂಹಗಡ'ದಲ್ಲಿ (1923) ಚಿತ್ರಿಸಿದರು. ರಾತ್ರಿಯ ದೃಶ್ಯಗಳಿಗೆ ಕೃತಕ ಬೆಳಕನ್ನು ಬಳಸಿದ್ದು ಈ ಚಿತ್ರದ ವೈಶಿಷ್ಟ್ಯ. ಚಿತ್ತೋರಿನ 1303ರ ಮುತ್ತಿಗೆಯೊಡನೆ ಹೆಣೆದುಕೊಂಡ, ಜಾಯಸಿಯ 1540ರ ಕಾವ್ಯದಿಂದ ಪ್ರಸಿದ್ಧವಾದ ಪದ್ಮಿನಿಯ ಐತಿಹ್ಯವು 1924ರಲ್ಲಿ 'ಸತಿ ಪದ್ಮಿನಿ' ಚಿತ್ರವಾಯಿತು. ಮಾತಿಲ್ಲದ ತೆರೆಯಲ್ಲಿ ಕಥೆಯ ಕಾಲವನ್ನು ಉಡುಪು, ಆಯುಧ, ಕಟ್ಟಡಗಳೇ ಹೇಳಬೇಕಿತ್ತು. ಆದುದರಿಂದ ಪೇಂಟರ್ ಅವರು ಪ್ರತಿ ದೃಶ್ಯದ ರೇಖಾಚಿತ್ರವನ್ನು ಮೊದಲೇ ಬರೆಯುತ್ತಿದ್ದರು. ಬರೆದ ಪರದೆಗಳ ಬದಲು ಘನಾಕೃತಿಯ ಸೆಟ್ಟುಗಳನ್ನು ಕಟ್ಟಿಸುತ್ತಿದ್ದರು. ವಿ. ಶಾಂತಾರಾಮ್, ದಾಮ್ಲೆ ಮತ್ತು ಫತ್ತೇಲಾಲ್ ಇವರಲ್ಲಿಯೇ ಪಳಗಿ, 1929ರಲ್ಲಿ ಪ್ರಭಾತ್ ಸಂಸ್ಥೆಯ ಸ್ಥಾಪಕರಲ್ಲಿ ಒಬ್ಬರಾದರು.

ಪೇಂಟರ್ ಅವರು 1954ರ ಜನವರಿ 16ರಂದು ಕೊಲ್ಹಾಪುರದಲ್ಲಿ ನಿಧನರಾದರು. ಪುಣೆಯಲ್ಲಿ ರಾಷ್ಟ್ರೀಯ ಚಲನಚಿತ್ರ ಭಂಡಾರ ಸ್ಥಾಪನೆಯಾದದ್ದು 1964ರಲ್ಲಿ. ಅಷ್ಟರೊಳಗೆ, ಬೇಗನೆ ಬೆಂಕಿಗೆ ತುತ್ತಾಗುವ ನೈಟ್ರೇಟ್ ಫಿಲ್ಮಿನ ಮೇಲೆ ಅಚ್ಚಾಗಿದ್ದ ಆ ಕಾಲದ ಬಹುಪಾಲು ಮೂಕಿ ಚಿತ್ರಗಳು ನಾಶವಾಗಿದ್ದವು. ಇವರ ಚಿತ್ರಗಳಲ್ಲಿಯೂ ಉಳಿದಿರುವುದು ಅತ್ಯಲ್ಪ. ಶತಮಾನಗಳ ಕಾಲ ಜನರ ಬಾಯಲ್ಲಿ ಬಾಳಿ ಬಂದ ಐತಿಹ್ಯಗಳು ಇಂದಿಗೂ ಉಳಿದಿವೆ; ಅವುಗಳಿಗೆ ರೂಪವಿತ್ತ ಚಿತ್ರಗಳು ಕೆಲವೇ ದಶಕಗಳಲ್ಲಿ ಅಳಿದವು. ಮನೆಗಳಲ್ಲಿ ಹಳೆಯ ಫಿಲ್ಮ್ ಸುರುಳಿ, ಭಿತ್ತಿಪತ್ರ, ಛಾಯಾಚಿತ್ರಗಳಿದ್ದಲ್ಲಿ ಸಾರ್ವಜನಿಕರು ಅವುಗಳನ್ನು ನಾಶಪಡಿಸದೆ, ಬಲ್ಲವರ ಸಲಹೆ ಪಡೆದು ಸಂರಕ್ಷಿಸುವುದು ಉಚಿತ.