ಮರಾಠಿ ರಂಗಭೂಮಿಯಿಂದ ಮಾಲ್ಗುಡಿಗೆ: ಶಂಕರ್‌ನಾಗ್

ಬೆಂಗಳೂರಿನ ಆಟೋರಿಕ್ಷಾಗಳ ಬೆನ್ನ ಮೇಲೆ ಇಂದಿಗೂ ಕಾಣುವ ಮುಖ ದಿ. ಶಂಕರ್‌ನಾಗ್ ಅವರದು. 1980ರಲ್ಲಿ ತೆರೆಕಂಡ ‘ಆಟೋರಾಜ’ ಅವರನ್ನು ಚಾಲಕರ ಮನೆಮಗನನ್ನಾಗಿಸಿತು. ಆದರೆ ಈ ಕಲಾವಿದನನ್ನು ತಿದ್ದಿ ತೀಡಿದ್ದು ನಮ್ಮ ಮುಂಬಯಿ ಎಂಬುದನ್ನು ಇಲ್ಲಿನ ಕನ್ನಡಿಗರೇ ಮರೆಯುತ್ತಿದ್ದೇವೆ.

1954ರ ನವೆಂಬರ್ 9ರಂದು ಉತ್ತರ ಕನ್ನಡದ ಹೊನ್ನಾವರದ ಕಡೆ ಜನಿಸಿದ ಶಂಕರ್, ಅಣ್ಣ ಅನಂತನಾಗ್ ಅವರಂತೆ ಮುಂಬಯಿ ಸೇರಿ ಮರಾಠಿ ರಂಗಭೂಮಿಗೆ ಮನಸೋತರು. ಮುಂದೆ ಪತ್ನಿಯಾದ ಅರುಂಧತಿಯವರ ಪರಿಚಯವಾದುದೂ ಇಲ್ಲೇ, ನಾಟಕದ ನಂಟಿನಿಂದ.

ಗಿರೀಶ ಕಾರ್ನಾಡರ ‘ಒಂದಾನೊಂದು ಕಾಲದಲ್ಲಿ’ (1978) ಚಿತ್ರದ ಬಾಡಿಗೆ ಸೈನಿಕನ ಪಾತ್ರ ಅವರಿಗೆ ಅಂತಾರಾಷ್ಟ್ರೀಯ ಚಿತ್ರೋತ್ಸವದ ಶ್ರೇಷ್ಠ ನಟ ಪ್ರಶಸ್ತಿ ತಂದಿತು. ಚಾಪೇಕರ್ ಸಹೋದರರ ಕುರಿತ ಮರಾಠಿ ಚಿತ್ರ ‘22 ಜೂನ್ 1897’ರ ಚಿತ್ರಕಥೆಗಾರರಲ್ಲಿ ಅವರೂ ಒಬ್ಬರು. ಮುಂದೆ ಬೆಂಗಳೂರಿನಲ್ಲಿ ‘ಸಂಕೇತ್’ ನಾಟಕ ತಂಡ, ಧ್ವನಿಮುದ್ರಣ ಸ್ಟುಡಿಯೋ ಕಟ್ಟಿದರು. ಹೊಡೆದಾಟದ ಚಿತ್ರಗಳಲ್ಲಿ ನಾಯಕನಾಗಿ ಮೆರೆದರು. ಅವುಗಳಲ್ಲಿ ಎಷ್ಟೋ ಎರಡನೇ ಸಲ ನೋಡುವಂಥವಲ್ಲ, ಅಭಿಮಾನಿಗಳು ಕ್ಷಮಿಸಬೇಕು. ಅದೇ ಕಾಲಕ್ಕೆ ‘ಮಿಂಚಿನ ಓಟ’, ‘ಗೀತಾ’ ನಿರ್ದೇಶಿಸಿದರು. ಫುಟ್‌ಪಾತಿನಲ್ಲಿ ಮಲಗಿದ್ದ ಬಡವರ ಮೇಲೆ ರಾಜಕಾರಣಿಯ ಮಗ ಕಾರು ಹರಿಸಿದ ಕಥೆಯ ‘ಆಕ್ಸಿಡೆಂಟ್’ ಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ಬಂತು.

ಮುಂಬಯಿಗರಿಗೆ ಅವರು ಮತ್ತೆ ಸಿಕ್ಕಿದ್ದು ದೂರದರ್ಶನದ ‘ಮಾಲ್ಗುಡಿ ಡೇಸ್’ನಲ್ಲಿ. ಆರ್.ಕೆ. ನಾರಾಯಣ್ ಅವರ ಕಲ್ಪನೆಯ ಊರನ್ನು ಅವರು ಆಗುಂಬೆಯ ಮಳೆ, ಹೆಂಚಿನ ಮನೆಗಳ ನಡುವೆ ನಿಲ್ಲಿಸಿದರು. ನಾನಾಗ ಸಂಜೆ ಕಾಲೇಜಿನ ವಿದ್ಯಾರ್ಥಿ. ಕಂತು ತಪ್ಪಬಾರದೆಂದು ಅಕೌಂಟೆನ್ಸಿ ತರಗತಿಗೆ ಚಕ್ಕರ್ ಹೊಡೆದದ್ದುಂಟು. ಚಾಳಿನ ಗುಜರಾತಿ ನೆರೆಯವರು ಇದು ಯಾವ ಊರೆಂದು ವಿಚಾರಿಸಿದಾಗ, ಆಗುಂಬೆಯನ್ನು ಕಣ್ಣಾರೆ ಕಾಣದ ನಾನೂ ನಮ್ಮೂರೆಂದೇ ಹೇಳಿಕೊಂಡಿದ್ದೆ! ಆ ಹಿಂದಿ ಧಾರಾವಾಹಿಯಲ್ಲಿ ಕನ್ನಡದ ಕಲಾವಿದರ ದಂಡೇ ಇತ್ತು. ಸ್ವಾಮಿಯಾದ ಮಾಸ್ಟರ್ ಮಂಜುನಾಥ್‌ನನ್ನು ದೇಶವೇ ಮುದ್ದಾಡಿತು.

1990ರ ಸೆಪ್ಟೆಂಬರ್ 30ರಂದು ‘ಜೋಕುಮಾರಸ್ವಾಮಿ’ಯ ಚಿತ್ರೀಕರಣಕ್ಕೆ ಹೊರಟಿದ್ದ ಅವರ ಕಾರು ದಾವಣಗೆರೆ ಸಮೀಪದ ಆನಗೋಡಿನ ಬಳಿ ಅಪಘಾತಕ್ಕೀಡಾಯಿತು. ಆಗ ಅವರಿಗೆ ವಯಸ್ಸು ಬರೀ 35. ಸಿನಿಮಾದಲ್ಲಿ ಕಳೆದದ್ದು ಹನ್ನೆರಡೇ ವರ್ಷ. ಅದರಲ್ಲೇ ಅಷ್ಟೆಲ್ಲ ಮಾಡಿದವರು ನಿದ್ದೆ ಯಾವಾಗ ಮಾಡುತ್ತಿದ್ದರೋ!

ಅಪಘಾತದಲ್ಲಿ ಗಾಯಗೊಂಡು ಬದುಕುಳಿದ ಅರುಂಧತಿನಾಗ್ ಪತಿಯ ಹೆಸರಿನಲ್ಲಿ ಬೆಂಗಳೂರಿನ ಜೆ.ಪಿ. ನಗರದಲ್ಲಿ ಕಟ್ಟಿಸಿದ ‘ರಂಗಶಂಕರ’ 2004ರಲ್ಲಿ ಆರಂಭವಾಯಿತು. ಮುಂಬಯಿಯಿಂದ ಊರಿಗೆ ಹೋದವರು ಅಲ್ಲೊಂದು ನಾಟಕ ನೋಡಿ ಬನ್ನಿ. ಆದರೆ ಹೊತ್ತಿಗೆ ಸರಿಯಾಗಿ ಹೋಗಿ. ನಾಟಕ ಶುರುವಾದ ಮೇಲೆ ಬಂದವರಿಗೆ ಅಲ್ಲಿ ಬಾಗಿಲು ತೆರೆಯುವುದಿಲ್ಲ.