ಹಲ್ಲುನೋವು ಮರೆಸಿದ ಡಾ. ಹಾಲ್‌ಸ್ಟೆಡ್

ಹುಳುಕು ಹಲ್ಲು ಕೀಳುವ ಮುಂಚೆ ಡಾಕ್ಟರು ಬಾಯೊಳಗೆ ಒಂದು ಸೂಜಿ ಚುಚ್ಚುತ್ತಾರೆ. ಸ್ವಲ್ಪ ಹೊತ್ತಿಗೆ ದವಡೆ ಜೋಮು ಹಿಡಿಯುತ್ತದೆ, ತುಟಿ ದಪ್ಪಗಾದ ಹಾಗೆ ಅನಿಸುತ್ತದೆ. ಆಮೇಲೆ ಹಲ್ಲು ಕಿತ್ತರೂ ನೋವು ಗೊತ್ತಾಗುವುದಿಲ್ಲ. ಈ ಉಪಾಯವನ್ನು ಮೊದಲು ಮಾಡಿ ತೋರಿಸಿದವರು ಯಾರು ಗೊತ್ತೇ? ಅಮೆರಿಕದ ಡಾ. ವಿಲಿಯಂ ಸ್ಟುವರ್ಟ್ ಹಾಲ್‌ಸ್ಟೆಡ್. ಅದಕ್ಕೆ ಅವರು ತೆತ್ತ ಬೆಲೆ ಮಾತ್ರ ಬಹಳ ದೊಡ್ಡದು.

ಹಾಲ್‌ಸ್ಟೆಡ್ 1852ರ ಸೆಪ್ಟೆಂಬರ್ 23ರಂದು ನ್ಯೂಯಾರ್ಕ್ ನಗರದಲ್ಲಿ ಹುಟ್ಟಿದರು. ಶ್ರೀಮಂತರ ಮನೆ. ಯೇಲ್ ಕಾಲೇಜಿನಲ್ಲಿ ಅವರು ಓದಿಗಿಂತ ಫುಟ್‌ಬಾಲಿನಲ್ಲೇ ಮುಂದು! ಆಮೇಲೆ ವೈದ್ಯಶಾಸ್ತ್ರಕ್ಕೆ ಮನಸ್ಸು ಕೊಟ್ಟು 1877ರಲ್ಲಿ ಡಾಕ್ಟರಾದರು. ಬಹಳ ಧೈರ್ಯವಂತರು. 1881ರಲ್ಲಿ ಹೆರಿಗೆಯಾದ ತಂಗಿ ರಕ್ತ ಹೋಗಿ ಸಾಯುವ ಹಾಗಾದಾಗ ತಮ್ಮದೇ ರಕ್ತ ತೆಗೆದು ಆಕೆಗೆ ಕೊಟ್ಟು ಉಳಿಸಿದರು.

1884ರಲ್ಲಿ ವಿಯೆನ್ನಾದ ಕಾರ್ಲ್ ಕೋಲರ್ ಎಂಬ ಯುವ ವೈದ್ಯರು ಒಂದು ಹೊಸ ಸಂಗತಿ ಕಂಡುಹಿಡಿದರು. ಕೋಕಾ ಗಿಡದ ಎಲೆಯಿಂದ ತೆಗೆದ ಕೊಕೇನ್ ದ್ರಾವಣವನ್ನು ಕಣ್ಣಿಗೆ ಹನಿಸಿದರೆ ಕಣ್ಣು ಮರಗಟ್ಟುತ್ತಿತ್ತು. ಈ ಸುದ್ದಿ ಕೇಳಿ ಹಾಲ್‌ಸ್ಟೆಡ್ ಒಂದು ಹೆಜ್ಜೆ ಮುಂದೆ ಹೋದರು. ನೋವಿನ ಸುದ್ದಿ ಮೆದುಳಿಗೆ ಹೋಗುವುದು ನರದ ಮೂಲಕ. ಹಾಗಾದರೆ ನರದ ಬುಡದಲ್ಲೇ ಔಷಧಿ ಚುಚ್ಚಿ ದಾರಿ ಕಟ್ಟಿದರೆ? ಕೆಳದವಡೆಯ ನರಕ್ಕೆ ಚುಚ್ಚಿ ನೋಡಿದರು. ಒಂದೇ ಸೂಜಿಗೆ ಆ ಬದಿಯ ಕೆಳಹಲ್ಲುಗಳೆಲ್ಲಾ ಮರಗಟ್ಟಿದವು!

ಆದರೆ ಪ್ರಯೋಗ ಮಾಡಿದ್ದು ಯಾರ ಮೇಲೆ? ತಮ್ಮ ಮೇಲೆ, ತಮ್ಮ ಗೆಳೆಯರ ಮೇಲೆ. ಕೊಕೇನ್ ಚಟ ಹಿಡಿಸುವ ವಿಷ ಅಂತ ಆಗ ಅವರಿಗೆ ತಿಳಿದಿರಲಿಲ್ಲ. ಕೆಲವೇ ತಿಂಗಳಲ್ಲಿ ಹಾಲ್‌ಸ್ಟೆಡ್ ಅದಕ್ಕೆ ದಾಸರಾದರು. 1885ರಲ್ಲಿ ಅವರು ಬರೆದ ಲೇಖನಕ್ಕೆ ತಲೆಬುಡವೇ ಇರಲಿಲ್ಲ. ಆಸ್ಪತ್ರೆ ಸೇರಿದರೆ ಅಲ್ಲಿ ಕೊಕೇನ್ ಬಿಡಿಸಲು ಮಾರ್ಫಿನ್ ಕೊಟ್ಟರು. ಅಯ್ಯೋ, ಅದೂ ಅಂಟಿಕೊಂಡಿತು! ಅದನ್ನು ಪೂರ್ತಿ ಬಿಡಲು ಅವರಿಂದ ಆಗಲೇ ಇಲ್ಲ.

ಆದರೂ ಅವರು ಸೋತು ಕೂರಲಿಲ್ಲ. ಗೆಳೆಯ ಡಾ. ವೆಲ್ಚ್ ಅವರನ್ನು ಬಾಲ್ಟಿಮೋರ್ ನಗರಕ್ಕೆ ಕರೆಸಿಕೊಂಡರು. ಅಲ್ಲಿನ ಜಾನ್ಸ್ ಹಾಪ್‌ಕಿನ್ಸ್ ಆಸ್ಪತ್ರೆಯಲ್ಲಿ ಹಾಲ್‌ಸ್ಟೆಡ್ ಹೆಸರಾಂತ ಶಸ್ತ್ರವೈದ್ಯರಾದರು, ಎಷ್ಟೋ ಶಿಷ್ಯರನ್ನು ತಯಾರು ಮಾಡಿದರು. ನರ್ಸ್ ಕ್ಯಾರೊಲಿನ್ ಹ್ಯಾಂಪ್ಟನ್ ಅವರ ಕೈ ಔಷಧಿ ನೀರಿಗೆ ಒಡೆದು ಹುಣ್ಣಾದಾಗ ತೆಳುವಾದ ರಬ್ಬರ್ ಕೈಗವಸು ಮಾಡಿಸಿಕೊಟ್ಟರು. 1890ರಲ್ಲಿ ಅವರನ್ನೇ ಮದುವೆಯಾದರು. ಇಂದು ಆಪರೇಷನ್ ಮಾಡುವ ಎಲ್ಲಾ ಡಾಕ್ಟರ ಕೈಯಲ್ಲೂ ಅಂಥ ಗವಸು ಇರುತ್ತದೆ.

ಈಗ ಮೂರು ಔಷಧಿಗಳನ್ನು ಹೋಲಿಸಿ ನೋಡೋಣ.

1. ಕೊಕೇನ್: ಚೆನ್ನಾಗಿ ಮರಗಟ್ಟಿಸುತ್ತದೆ. ಆದರೆ ಚಟ ಹಿಡಿಸುತ್ತದೆ, ಹೃದಯಕ್ಕೂ ಅಪಾಯ.

2. ನೊವೊಕೇನ್: ಜರ್ಮನಿಯ ಐನ್‌ಹಾರ್ನ್ ತಯಾರಿಸಿದ್ದು. 1905ರಿಂದ ಬಳಕೆಗೆ ಬಂತು. ಚಟ ಹಿಡಿಸುವುದಿಲ್ಲ. ಆದರೆ ನಿಧಾನ, ಬೇಗ ಇಳಿದುಹೋಗುತ್ತದೆ. ಕೆಲವರಿಗೆ ಅಲರ್ಜಿ ಆಗುತ್ತಿತ್ತು.

3. ಲಿಗ್ನೊಕೇನ್: ಸ್ವೀಡನ್ನಿನ ಲೋಫ್‌ಗ್ರೆನ್ 1943ರಲ್ಲಿ ತಯಾರಿಸಿದ್ದು. 1948ರಲ್ಲಿ ಮಾರಾಟಕ್ಕೆ ಬಂತು. ಕೆಲವೇ ನಿಮಿಷದಲ್ಲಿ ಕೆಲಸ ಮಾಡುತ್ತದೆ, ಅಲರ್ಜಿ ಬಹಳ ಅಪರೂಪ. ಜೊತೆಗೆ ಸ್ವಲ್ಪ ಅಡ್ರಿನಲಿನ್ ಬೆರೆಸಿದರೆ ರಕ್ತನಾಳ ಕುಗ್ಗಿ ಔಷಧಿ ಅಲ್ಲೇ ಹೆಚ್ಚು ಹೊತ್ತು ನಿಲ್ಲುತ್ತದೆ. ನಮ್ಮ ದೇಶದ ಹಲ್ಲಿನ ಡಾಕ್ಟರು ಇಂದಿಗೂ ಹೆಚ್ಚಾಗಿ ಕೊಡುವುದು ಇದನ್ನೇ.

ಔಷಧಿ ಬದಲಾದರೂ ನರದ ಬುಡಕ್ಕೆ ಚುಚ್ಚುವ ಹಾಲ್‌ಸ್ಟೆಡ್ ಅವರ ದಾರಿ ಬದಲಾಗಿಲ್ಲ. (ಒಂದು ಮಾತು: ಸೂಜಿ ಹಾಕಿಸಿಕೊಂಡ ಮೇಲೆ ಜೋಮು ಇಳಿಯುವ ತನಕ ಏನೂ ಅಗಿಯಬೇಡಿ. ತುಟಿ ಕಚ್ಚಿಕೊಂಡರೂ ಗೊತ್ತಾಗುವುದಿಲ್ಲ!)

1922ರಲ್ಲಿ ಅಮೆರಿಕದ ದಂತವೈದ್ಯರ ಸಂಘ ಹಾಲ್‌ಸ್ಟೆಡ್ ಅವರಿಗೆ ಚಿನ್ನದ ಪದಕ ಕೊಟ್ಟು ಗೌರವಿಸಿತು. ಪ್ರಯೋಗ ಮಾಡಿ ಆಗಲೇ ಸುಮಾರು 37 ವರ್ಷ ಕಳೆದಿತ್ತು. ಅದೇ ವರ್ಷ ಸೆಪ್ಟೆಂಬರ್ 7ರಂದು ಅವರು ತೀರಿಕೊಂಡರು.

ಗೆಳೆಯರೇ, ಚಟ ಎಂಬುದು ಎಂಥ ಬುದ್ಧಿವಂತರನ್ನೂ ಬಿಡುವುದಿಲ್ಲ. ಆದರೆ ಚಟಕ್ಕೆ ಸಿಕ್ಕವರೆಲ್ಲಾ ಕೆಟ್ಟವರು ಅಂತ ಹೇಳುವ ಮುಂಚೆ ಹಾಲ್‌ಸ್ಟೆಡ್ ಅವರನ್ನು ನೆನೆಯೋಣ. ಅವರು ಬೇರೆಯವರ ನೋವು ಕಳೆಯಲು ಹೋಗಿ ತಾವು ನೋವು ತಿಂದವರು.