ಸೋತ ಚಿತ್ರವೇ ಅಮರವಾಯಿತು: ಸಿಸಿಲಿಯ ಹುಡುಗ ಫ್ರಾಂಕ್ ಕಾಪ್ರಾ

1934ರ ಮಾರ್ಚ್. ಲಾಸ್ ಏಂಜಲೀಸ್‌ನಲ್ಲಿ ಆಸ್ಕರ್ ಸಮಾರಂಭ. ಶ್ರೇಷ್ಠ ನಿರ್ದೇಶಕ ಪ್ರಶಸ್ತಿ ಪ್ರಕಟಿಸಿದ ನಿರೂಪಕ ವಿಲ್ ರೋಜರ್ಸ್, ವಿಜೇತರನ್ನು ಫ್ರಾಂಕ್ ಎಂದಷ್ಟೇ ಕರೆದರು. ಫ್ರಾಂಕ್ ಕಾಪ್ರಾ ಎದ್ದು ವೇದಿಕೆಯತ್ತ ಹೊರಟೇಬಿಟ್ಟರು. ಆದರೆ ಪ್ರಶಸ್ತಿ ಬಂದಿದ್ದು ಫ್ರಾಂಕ್ ಲಾಯ್ಡ್ ಎಂಬ ಇನ್ನೊಬ್ಬ ನಿರ್ದೇಶಕರಿಗೆ! ತುಂಬಿದ ಸಭೆಯಲ್ಲಿ ತಲೆ ತಗ್ಗಿಸಿ ಮರಳಿದ ಆ ಗಳಿಗೆಯನ್ನು ಕಾಪ್ರಾ ತಮ್ಮ ಆತ್ಮಕಥೆಯಲ್ಲಿ ನೋವಿನಿಂದಲೇ ದಾಖಲಿಸಿದ್ದಾರೆ.

ಕಾಪ್ರಾ ಜನಿಸಿದ್ದು 1897ರ ಮೇ 18ರಂದು, ಇಟಲಿಯ ಸಿಸಿಲಿ ದ್ವೀಪದ ಬಿಸಾಕ್ವಿನೊ ಎಂಬ ಊರಿನಲ್ಲಿ. 1903ರಲ್ಲಿ ಬಡ ಕುಟುಂಬ ಹಡಗಿನ ಅಗ್ಗದ ದರ್ಜೆಯಲ್ಲಿ ಅಮೆರಿಕ ಸೇರಿತು. ತಂದೆ ಹಣ್ಣು ಕೀಳುವ ಕೂಲಿಯಾದರೆ, ಬಾಲಕ ಕಾಪ್ರಾ ಬೀದಿಯಲ್ಲಿ ಪತ್ರಿಕೆ ಮಾರಿದರು. ಸಣ್ಣಪುಟ್ಟ ಕೆಲಸ ಮಾಡುತ್ತಲೇ 1918ರಲ್ಲಿ ರಾಸಾಯನಿಕ ಎಂಜಿನಿಯರಿಂಗ್ ಪದವಿ ಪಡೆದರು. ಪದವಿ ಕೈಗೆ ಬಂದರೂ ನೆಲೆ ಸಿಗಲಿಲ್ಲ. ಮೂಕಿಚಿತ್ರಗಳಿಗೆ ಹಾಸ್ಯ ಪ್ರಸಂಗ ಬರೆಯುತ್ತ ಹಾಲಿವುಡ್ ಒಳಹೊಕ್ಕ ಅವರು, ಹಾಸ್ಯನಟ ಹ್ಯಾರಿ ಲ್ಯಾಂಗ್ಡನ್‌ಗಾಗಿ 1926ರಲ್ಲಿ ದಿ ಸ್ಟ್ರಾಂಗ್ ಮ್ಯಾನ್ ನಿರ್ದೇಶಿಸಿದರು. ಮರುವರ್ಷ ಅದೇ ಲ್ಯಾಂಗ್ಡನ್ ಅವರನ್ನು ಕೆಲಸದಿಂದ ತೆಗೆದುಹಾಕಿದರು.

1928ರಲ್ಲಿ ಕೈಹಿಡಿದದ್ದು ಆಗಿನ್ನೂ ಚಿಕ್ಕ ಸಂಸ್ಥೆಯಾಗಿದ್ದ ಕೊಲಂಬಿಯಾ. ಲೇಖಕ ರಾಬರ್ಟ್ ರಿಸ್ಕಿನ್ ಜೊತೆಯಾದರು. ಆಸ್ಕರ್ ಅವಮಾನದ ಮರುವರ್ಷವೇ ಉತ್ತರ ದೊರೆಯಿತು. ಸಿರಿವಂತನ ಮಗಳು ಮತ್ತು ಪತ್ರಕರ್ತನ ಪಯಣದ ಕಥೆ ಇಟ್ ಹ್ಯಾಪನ್ಡ್ ಒನ್ ನೈಟ್ (1934) ಐದು ಪ್ರಮುಖ ಆಸ್ಕರ್‌ಗಳನ್ನೂ ಬಾಚಿಕೊಂಡಿತು. ಅಂಥ ಸಾಧನೆ ಮತ್ತೆ ನಡೆಯಲು ನಾಲ್ಕು ದಶಕ ಕಾಯಬೇಕಾಯಿತು. ಹಿಂದಿಯ ಚೋರಿ ಚೋರಿ (1956), ದಿಲ್ ಹೈ ಕೆ ಮಾನ್ತಾ ನಹೀ (1991) ಚಿತ್ರಗಳ ಬೇರು ಇದೇ ಕಥೆಯಲ್ಲಿದೆ.

ಮಿಸ್ಟರ್ ಡೀಡ್ಸ್ ಗೋಸ್ ಟು ಟೌನ್ (1936) ಮತ್ತು ಯು ಕಾಂಟ್ ಟೇಕ್ ಇಟ್ ವಿತ್ ಯು (1938) ಚಿತ್ರಗಳು ಅವರಿಗೆ ಇನ್ನೆರಡು ಬಾರಿ ಶ್ರೇಷ್ಠ ನಿರ್ದೇಶಕ ಪ್ರಶಸ್ತಿ ತಂದವು. ಆರ್ಥಿಕ ಮಹಾಕುಸಿತದಲ್ಲಿ ನಲುಗಿದ್ದ ಜನರಿಗೆ, ಬಲಾಢ್ಯರ ಎದುರು ನಿಲ್ಲುವ ಸಾಮಾನ್ಯನ ಕಥೆ ಧೈರ್ಯ ತುಂಬಿತು. ಇದು ಅತಿಯಾದ ಭಾವುಕತೆ ಎಂದು ಮೂಗುಮುರಿದ ವಿಮರ್ಶಕರೂ ಇದ್ದರು. ಎರಡನೇ ಮಹಾಯುದ್ಧದಲ್ಲಿ ಸೇನೆ ಸೇರಿದ ಕಾಪ್ರಾ, ಸೈನಿಕರಿಗಾಗಿ ವೈ ವಿ ಫೈಟ್ ಎಂಬ ಏಳು ಸಾಕ್ಷ್ಯಚಿತ್ರಗಳ ಸರಣಿ ರೂಪಿಸಿದರು.

ಯುದ್ಧ ಮುಗಿಸಿ ಬಂದವರು ಸ್ವಂತ ಸಂಸ್ಥೆ ಲಿಬರ್ಟಿ ಫಿಲ್ಮ್ಸ್ ಮೂಲಕ 1946ರಲ್ಲಿ ಇಟ್ಸ್ ಎ ವಂಡರ್‌ಫುಲ್ ಲೈಫ್ ತೆಗೆದರು. ಸೋತು ಸಾಯಲು ಹೊರಟವನಿಗೆ, ಅವನು ಹುಟ್ಟದೇ ಇದ್ದಿದ್ದರೆ ಊರು ಏನಾಗುತ್ತಿತ್ತು ಎಂಬುದನ್ನು ದೇವದೂತ ತೋರಿಸುವ ಕಥೆ ಅದು. ತಮ್ಮೆಲ್ಲ ಚಿತ್ರಗಳಲ್ಲಿ ಕಾಪ್ರಾಗೆ ಅತ್ಯಂತ ಪ್ರಿಯವಾದದ್ದೂ ಅದೇ. ಆದರೆ ಹಾಕಿದ ಹಣವೂ ಹುಟ್ಟಲಿಲ್ಲ. ಸಂಸ್ಥೆ ಬಾಳಲಿಲ್ಲ, ನಿರ್ದೇಶಕರ ಹಿಂದಿನ ಪ್ರಭೆಯೂ ಮರಳಲಿಲ್ಲ. 1952ರಲ್ಲಿ ಭಾರತದ ಪ್ರಥಮ ಅಂತಾರಾಷ್ಟ್ರೀಯ ಚಲನಚಿತ್ರೋತ್ಸವಕ್ಕೆ ಅಮೆರಿಕದ ಪ್ರತಿನಿಧಿಯಾಗಿ ಅವರು ಮುಂಬಯಿಗೆ ಬಂದಿದ್ದರು. 1961ರ ಪಾಕೆಟ್‌ಫುಲ್ ಆಫ್ ಮಿರಾಕಲ್ಸ್ ಅವರ ಕೊನೆಯ ಕಥಾಚಿತ್ರ.

ವಿಧಿಯ ಆಟ ನೋಡಿ. 1974ರಲ್ಲಿ ಹಕ್ಕುಸ್ವಾಮ್ಯ ನವೀಕರಿಸುವುದನ್ನು ಮರೆತದ್ದರಿಂದ, ಆ ಸೋತ ಚಿತ್ರವನ್ನು ದೂರದರ್ಶನ ವಾಹಿನಿಗಳು ಪ್ರತಿ ಕ್ರಿಸ್‌ಮಸ್‌ಗೆ ಪುಕ್ಕಟೆಯಾಗಿ ಪ್ರಸಾರ ಮಾಡತೊಡಗಿದವು. ಚಿತ್ರಮಂದಿರಕ್ಕೆ ಬಾರದ ಜನ ಮನೆಯಲ್ಲೇ ಕುಳಿತು ಕಣ್ಣೀರಿಟ್ಟರು.

1991ರ ಸೆಪ್ಟೆಂಬರ್ 3ರಂದು 94ನೇ ವಯಸ್ಸಿನಲ್ಲಿ ಕಾಪ್ರಾ ಕಣ್ಮುಚ್ಚಿದರು. ಅಷ್ಟರಲ್ಲಿ ಆ ಚಿತ್ರದ ಎರಡನೇ ಜನ್ಮವನ್ನು ಕಣ್ಣಾರೆ ಕಂಡಿದ್ದರು. 2006ರಲ್ಲಿ ಅಮೆರಿಕನ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಅತ್ಯಂತ ಸ್ಫೂರ್ತಿದಾಯಕ ಅಮೆರಿಕನ್ ಚಿತ್ರಗಳ ಪಟ್ಟಿಯಲ್ಲಿ ಅದಕ್ಕೆ ಮೊದಲ ಸ್ಥಾನ ನೀಡಿತು.